ಕುವಾನೊ ಅಜ್ಜನ ಪುಸ್ತಕದ ಫೋಟೊ ತೆಗೆದದ್ದು

ಅಕ್ಟೋಬರ್ ಹನ್ನೊಂದು, ಶನಿವಾರ, ಬೆಳಿಗ್ಗೆ ಒಂಬತ್ತು ಗಂಟೆ ಹತ್ತು ನಿಮಿಷಕ್ಕೆ ಇದನ್ನು ಬರೆಯಲು ಕೂತೆ. ಹೊರಗೆ ಐವತ್ತೆರಡು ಡಿಗ್ರಿ ಫ್ಯಾರನ್‌ಹೀಟ್. ಕೂತಿರುವುದು ಇಲಿನಾಯ್‌ನ ಲಿಸ್ಲ್‌ನಲ್ಲಿ, ಬರೆಯುತ್ತಿರುವುದು ನಾವು ಮೊದಲಿದ್ದ ವಿಕ್ಸಮ್‌ನ ಮನೆಯ ಬಗ್ಗೆ. ಆ ಮನೆಯಲ್ಲಿ ನಾವು ಆರು ವರ್ಷ ಏಳು ತಿಂಗಳು ಇದ್ದೆವು. ನನಗೆ ಹತ್ತು ವರ್ಷವಾಗಿದ್ದಾಗ ಅಲ್ಲಿಯ ಊಟದ ಮೇಜಿನ ಮುಂದೆ ಎರಡೂವರೆ ತಾಸು ಕೂತು ನಾನು ಮಾಡಿದ ಒಂದು ಕೆಲಸದಿಂದ, ಪಕ್ಕದ ಮನೆಯ ಛಾಯಾಗ್ರಾಹಕರೊಬ್ಬರ ಹೆಸರು ಐದು ಚಿತ್ರಗಳಿಂದ ತಪ್ಪಿಹೋಯಿತು. ಅದನ್ನು ಸರಿಪಡಿಸಲು ಇನ್ನೂ ಸಾಧ್ಯವಿದೆಯೇ ಎಂದು ನೋಡಲು ಇದನ್ನು ಬರೆಯುತ್ತಿದ್ದೇನೆ. ನಾನು ಬರೆದದ್ದನ್ನು ಅಮ್ಮ ಓದಿ ಕಾಗುಣಿತ ತಿದ್ದುತ್ತಾಳೆ. ಬೇರೆ ಯಾವುದನ್ನೂ ತಿದ್ದಬಾರದೆಂದು ಮೊದಲೇ ಮಾತಾಗಿದೆ.

ಅದು ಟೌನ್‌ಹೌಸ್. ಎರಡು ಮನೆಗಳಿಗೆ ನಡುವೆ ಒಂದೇ ಗೋಡೆ. ಕೆಳಗೆ ಬೇಸ್‌ಮೆಂಟ್, ನಡುವೆ ಅಡುಗೆಮನೆ ಮತ್ತು ಊಟದ ಜಾಗ, ಮೇಲೆ ಮಲಗುವ ಕೋಣೆಗಳು. ಅಪ್ಪ ಕೆಲಸ ಮಾಡುತ್ತಿದ್ದ ಕಾರಿನ ಬಿಡಿಭಾಗಗಳ ಫ್ಯಾಕ್ಟರಿ ಎರಡೂಕಾಲು ಮೈಲಿ ದೂರ. ಅಪ್ಪ ಮೈಸೂರಿನವನು, ಅಮ್ಮ ಧಾರವಾಡದವಳು, ಹಾಗಾಗಿ ಮನೆಯಲ್ಲಿ ಎರಡು ಕನ್ನಡ ಇದ್ದವು. ಅಪ್ಪ ತಟ್ಟೆ ಅಂದರೆ ಅಮ್ಮ ತಾಟು, ಅಪ್ಪ ಈರುಳ್ಳಿ ಅಂದರೆ ಅಮ್ಮ ಉಳ್ಳಾಗಡ್ಡಿ. ಊಟಕ್ಕೆ ಕೂತಾಗ ಜಗಳ ಶುರುವಾಗುತ್ತಿದ್ದದ್ದು ಹೆಚ್ಚಾಗಿ ಪದಗಳಿಂದಲೇ. ಯಾವ ಊರಿನ ಮಾತು ಸರಿ ಎಂದು ಇಬ್ಬರೂ ನನ್ನ ಮುಖ ನೋಡುತ್ತಿದ್ದರು. ನಾನು ಇಂಗ್ಲಿಷ್‌ನಲ್ಲಿ ಉತ್ತರ ಕೊಡುತ್ತಿದ್ದೆ, ಹಾಗೆ ಮಾಡಿದರೆ ಯಾರ ಪಕ್ಷವನ್ನೂ ವಹಿಸಬೇಕಾಗಿರಲಿಲ್ಲ. ಆದರೆ ಶಾಲೆಯ ನೋಟ್‌ಬುಕ್ಕಿನ ಹಿಂಬದಿಯಲ್ಲಿ ಎರಡು ಕಾಲಂ ಎಳೆದು ಎರಡೂ ಪದ ಬರೆದಿಡುತ್ತಿದ್ದೆ. ಆಗ ನನಗೆ ಕನ್ನಡ ಅಕ್ಷರ ಬರುತ್ತಿರಲಿಲ್ಲ, ಇಂಗ್ಲಿಷ್ ಅಕ್ಷರದಲ್ಲೇ ಬರೆದದ್ದು. ಒಟ್ಟು ಅರವತ್ತೊಂದು ಜೋಡಿ ಇದ್ದವು. ಬೇಕಾಗಿದ್ದ ಒಂದು ಜೋಡಿ ಅದರಲ್ಲಿ ಇರಲಿಲ್ಲ.

ಅಮ್ಮ ಶನಿವಾರ ಮಧ್ಯಾಹ್ನ ಜೋಳದ ರೊಟ್ಟಿ ಬಡಿಯುತ್ತಿದ್ದಳು. ಕರೆಂಟಿನ ಒಲೆ, ಕಬ್ಬಿಣದ ಹಂಚು, ಮೂರನೆಯ ರೊಟ್ಟಿಗೆ ಹೊಗೆಯ ಅಲಾರಂ ಕೂಗಿಕೊಳ್ಳುತ್ತಿತ್ತು. ಅಪ್ಪ ಟವೆಲ್ ಹಿಡಿದು ಅಲಾರಂ ಕೆಳಗೆ ನಿಂತು ಬೀಸುತ್ತಿದ್ದ. ನಾವು ಆ ಮನೆಗೆ ಬಂದ ಮೂರನೆಯ ವರ್ಷ ಪಕ್ಕದ ಮನೆಗೆ ಒಂದು ಜಪಾನಿ ಕುಟುಂಬ ಬಂತು: ಮಿಚಿಯೊ ಆಂಟಿ, ಅವರ ಗಂಡ, ಮತ್ತು ಆಂಟಿಯ ತಂದೆ. ಆ ಸುತ್ತಿನಲ್ಲಿ ಕಾರಿನ ಕಂಪನಿಗಳ ಕೆಲಸಕ್ಕೆ ನಾಲ್ಕೈದು ವರ್ಷದ ಮಟ್ಟಿಗೆ ಬರುವ ಜಪಾನಿ ಮನೆಯವರು ತುಂಬ ಜನ. ಅವರು ಬಂದ ಮೊದಲ ಶನಿವಾರವೇ ಅಲಾರಂ ಗೋಡೆಯಾಚೆ ಕೇಳಿಸಿ, ಎಪ್ಪತ್ತು ದಾಟಿದ ಆ ಮುದುಕರು ಬೆಂಕಿ ಆರಿಸುವ ಸಣ್ಣ ಸಿಲಿಂಡರ್ ಹಿಡಿದು ಚಪ್ಪಲಿ ಕೂಡ ಇಲ್ಲದೆ ನಮ್ಮ ಬಾಗಿಲಿಗೆ ಬಂದರು. ಬೆಂಕಿ ಇಲ್ಲವೆಂದು ಗೊತ್ತಾದ ಮೇಲೂ ಹೋಗಲಿಲ್ಲ. ರೊಟ್ಟಿ ಉಬ್ಬಿ, ಅಂಚಿನ ಒಂದು ತೂತಿನಿಂದ ಹಬೆ ಹೊರಬರುವುದನ್ನು ನೋಡುತ್ತ ನಿಂತರು. ಇನ್ನೊಂದು ಮಾಡಿ ಎಂದು ಬೆರಳಿನಲ್ಲಿ ತೋರಿಸಿದರು. ಅಮ್ಮ ಮಾಡಿದಳು. ಅವತ್ತು ಅವರು ಒಂಬತ್ತು ರೊಟ್ಟಿ ನೋಡಿದರು, ಒಂದೂವರೆ ತಿಂದರು. ಒಂದು ಬಟ್ಟಲಿನ ಹಬೆಯನ್ನು ಕ್ಯಾಮೆರಾದಲ್ಲಿ ಹಿಡಿಯಲು ತಾವು ಹಿಂದೊಮ್ಮೆ ಮೂರು ದಿನ ತೆಗೆದುಕೊಂಡಿದ್ದಾಗಿ ಮಿಚಿಯೊ ಆಂಟಿಯ ಮೂಲಕ ಹೇಳಿದರು. ಅಮ್ಮ ಅವರನ್ನು ಕುವಾನೊ ಅಜ್ಜ ಎಂದು ಕರೆಯಲು ಶುರುಮಾಡಿದಳು, ಅದೇ ಎಲ್ಲರಿಗೂ ಉಳಿಯಿತು. ಆಮೇಲೆ ಶನಿವಾರದ ಊಟಕ್ಕೆ ನಾಲ್ಕು ತಟ್ಟೆ, ಅಥವಾ ನಾಲ್ಕು ತಾಟು.

ಅಜ್ಜನ ಕೆಲಸ ಏನಾಗಿತ್ತು ಎಂಬುದನ್ನು ನಾನು ಆ ಊಟದ ಮೇಜಿನಲ್ಲಿ ತುಂಡುತುಂಡಾಗಿ ಕೇಳಿದ್ದು. ಹತ್ತೊಂಬತ್ತನೆಯ ವಯಸ್ಸಿಗೆ ಟೋಕಿಯೊದಲ್ಲಿ ಅನಿಮೇಷನ್ ಚಿತ್ರಗಳನ್ನು ಛಾಯಾಗ್ರಹಣ ಮಾಡುವ ಒಂದು ಸಣ್ಣ ಕಂಪನಿಗೆ ಸೇರಿದ್ದರು. ಕ್ಯಾಮೆರಾ ಒಂದು ಕಂಬಕ್ಕೆ ಜೋಡಿಸಿರುತ್ತದೆ, ನೇರ ಕೆಳಗೆ ನೋಡುತ್ತಿರುತ್ತದೆ. ಅದರ ಕೆಳಗಿನ ಮೇಜಿನ ಮೇಲೆ ಬಣ್ಣ ಹಾಕಿದ ಹಿನ್ನೆಲೆ, ಅದರ ಮೇಲೆ ಮನುಷ್ಯರನ್ನು ಬರೆದ ಪಾರದರ್ಶಕ ಹಾಳೆ, ಅದರ ಮೇಲೆ ಒತ್ತಿ ಹಿಡಿಯಲು ಗಾಜು. ಒಂದು ಸಲ ಗುಂಡಿ ಒತ್ತಬೇಕು. ಗಾಜು ಎತ್ತಿ ಹಾಳೆ ಬದಲಾಯಿಸಿ ಮತ್ತೆ ಒತ್ತಬೇಕು. ಒಂದು ಸೆಕೆಂಡಿನ ಚಿತ್ರಕ್ಕೆ ಹೀಗೆ ಇಪ್ಪತ್ತನಾಲ್ಕು ಫ್ರೇಮು. ನಡುವೆ ಒಂದು ಧೂಳಿನ ಕಣ ಬಿದ್ದರೂ ಆ ಶಾಟ್ ಮೊದಲಿನಿಂದ. ಸಮುದ್ರದ ಮೇಲಿನ ಬಿಸಿಲನ್ನು ಬಣ್ಣದಲ್ಲಿ ಬರೆಯಲಾಗುವುದಿಲ್ಲ. ಕಪ್ಪು ರಟ್ಟಿಗೆ ಸೂಜಿಯಲ್ಲಿ ತೂತು ಚುಚ್ಚಿ, ಕೆಳಗಿನಿಂದ ದೀಪ ಹಾಕಿ, ಫಿಲ್ಮನ್ನು ಹಿಂದಕ್ಕೆ ಸುತ್ತಿ ಅದೇ ಫ್ರೇಮುಗಳ ಮೇಲೆ ಎರಡನೆಯ ಸಲ ಹಿಡಿಯಬೇಕು. ಇದನ್ನು ಅವರು ನಮ್ಮ ಬೇಸ್‌ಮೆಂಟಿನಲ್ಲಿ ಒಂದು ಟಾರ್ಚು ಮತ್ತು ಬೆಳಗಿನ ತಿಂಡಿಯ ಸೀರಿಯಲ್ ಡಬ್ಬಿಯ ರಟ್ಟಿನಿಂದ ಮಾಡಿ ತೋರಿಸಿದರು. ನಡುವೆ ನಾಲ್ಕು ವರ್ಷ ಮನುಷ್ಯರು ನಟಿಸುವ ಚಿತ್ರಗಳಲ್ಲಿ ಸಹಾಯಕರಾಗಿ, ಟೇಪು ಹಿಡಿದು ಕ್ಯಾಮೆರಾದಿಂದ ನಟರ ಮೂಗಿಗೆ ಎಷ್ಟು ದೂರ ಎಂದು ಅಳೆಯುತ್ತಿದ್ದರಂತೆ. ಮದುವೆಯಾದ ಮೇಲೆ ಊರೂರು ತಿರುಗುವುದು ಬೇಡವೆಂದು ಮತ್ತೆ ಕಂಬದ ಕ್ಯಾಮೆರಾಕ್ಕೇ ಮರಳಿದರು. ಕಂಪ್ಯೂಟರ್ ಬಂದು ಆ ಕಂಬಗಳನ್ನು ಬಿಚ್ಚಿದ ವರ್ಷ ನಿವೃತ್ತರಾದರು. ಈಗ ಅಲ್ಲಿ ಕ್ಯಾಮೆರಾವೇ ಇಲ್ಲ, ಆದರೂ ಆ ವಿಭಾಗವನ್ನು ಇಂದಿಗೂ ಛಾಯಾಗ್ರಹಣ ಎಂದೇ ಕರೆಯುತ್ತಾರೆ ಎಂದು ಹೇಳಿ ಅವರು ಸ್ವಲ್ಪ ನಗುತ್ತಿದ್ದರು.

ಅವರ ಹೆಸರು ಯಾವ ಚಿತ್ರದಲ್ಲೂ ಬಂದಿರಲಿಲ್ಲ. ಅವರ ಕಂಪನಿ ದೊಡ್ಡ ಕಂಪನಿಗಳಿಗೆ ಒಳಗುತ್ತಿಗೆಯಲ್ಲಿ ಕೆಲಸ ಮಾಡಿಕೊಡುತ್ತಿದ್ದದ್ದು. ಪರದೆಯ ಮೇಲೆ ಕಂಪನಿಯ ಹೆಸರು ಬರುತ್ತಿತ್ತು, ಕೆಲವೊಮ್ಮೆ ಅದರ ಮುಖ್ಯಸ್ಥರದ್ದು. ಇದನ್ನು ಅವರು ದೂರಿನಂತೆ ಹೇಳಲಿಲ್ಲ. ಆದರೆ ಅವರಲ್ಲಿ ಒಂದು ದಪ್ಪ ಪುಸ್ತಕ ಇತ್ತು. ಹಿಡಿದ ಪ್ರತಿ ಶಾಟ್‌ಗೂ ಅದರಲ್ಲಿ ಒಂದು ಸಾಲು: ದಿನಾಂಕ, ಕೆಲಸದ ಸಂಖ್ಯೆ, ಶಾಟ್ ಸಂಖ್ಯೆ, ಎಷ್ಟು ಫ್ರೇಮು, ಎಷ್ಟು ಬೆಳಕು. ಮುಖ್ಯವೆನಿಸಿದ ಸಾಲುಗಳ ಬಲಗಡೆ ಆ ಶಾಟ್‌ನದೇ ಒಂದು ಫಿಲ್ಮ್ ತುಂಡನ್ನು, ಬಿಸಾಡುವ ಕೊನೆಯಿಂದ ಕತ್ತರಿಸಿ, ಅಂಟಿಸಿದ್ದರು. ಹೆಬ್ಬೆರಳಿನ ಉಗುರಿಗಿಂತ ತುಸು ದೊಡ್ಡದು. ನಮ್ಮ ಮನೆಯಲ್ಲಿ ಎಲ್ಲರೂ ಅವನ್ನು ಅಜ್ಜನ ಫೋಟೊ ಅನ್ನುತ್ತಿದ್ದೆವು. ಪುಸ್ತಕದಲ್ಲಿ ಹನ್ನೊಂದು ಚಿತ್ರಗಳ ಕೆಲಸ ಇತ್ತು. ಯಾವುದಕ್ಕೂ ಶೀರ್ಷಿಕೆ ಇಲ್ಲ, ಸಂಖ್ಯೆ ಮಾತ್ರ. ಹೊರಗಿನಿಂದ ಬಂದ ಕೆಲಸಕ್ಕೆ ಕಂಪನಿಯವರು ಶೀರ್ಷಿಕೆ ಹೇಳುತ್ತಿರಲಿಲ್ಲ, ಇವರು ಕೇಳುತ್ತಲೂ ಇರಲಿಲ್ಲ. ನಾನು ಆ ಪುಸ್ತಕ ನೋಡಿದ ವಾರವೇ ದಿನಚರಿ ಶುರುಮಾಡಿದೆ. ಮೊದಲ ಪುಟದಲ್ಲಿ ದಿನಾಂಕ, ತಾಪಮಾನ, ಅಮ್ಮ ಏನು ಅಡುಗೆ ಮಾಡಿದಳು, ಮತ್ತು ಎಷ್ಟು ಜಗಳ ಎಂಬ ನಾಲ್ಕು ಕಾಲಂ ಇವೆ.

ಅವರು ಬಂದ ಎರಡನೆಯ ವರ್ಷ, ಯುಗಾದಿಯ ಹಿಂದಿನ ವಾರ, ಟೋಕಿಯೊದ ಒಂದು ಚಲನಚಿತ್ರ ಸಂಗ್ರಹಾಲಯದಿಂದ ಅಜ್ಜನಿಗೆ ಪತ್ರ ಬಂತು. ಪರದೆಯ ಮೇಲೆ ಹೆಸರು ಬರದೆ ಹೋದ ಕೆಲಸಗಾರರ ಪಟ್ಟಿಯೊಂದನ್ನು ಅವರು ಮಾಡುತ್ತಿದ್ದರು. ಹಳೆಯ ಸಹೋದ್ಯೋಗಿಯೊಬ್ಬರು ಪುಸ್ತಕದ ಸಂಗತಿ ತಿಳಿಸಿದ್ದರು. ಪುಸ್ತಕ ಕಳಿಸಿ, ಸಾಲನ್ನೂ ಫಿಲ್ಮ್ ತುಂಡನ್ನೂ ಮೂಲ ಚಿತ್ರದ ಜೊತೆ ಹೋಲಿಸಿ ನಿಮ್ಮ ಹೆಸರು ಸೇರಿಸುತ್ತೇವೆ ಎಂದು ಬರೆದಿದ್ದರು. ಅಜ್ಜ ಆ ಪತ್ರವನ್ನು ಶನಿವಾರ ತಂದು ರೊಟ್ಟಿಯ ತಟ್ಟೆಯ ಪಕ್ಕ ಇಟ್ಟುಕೊಂಡು ಊಟ ಮಾಡಿದರು. ಅಂಚೆಯಲ್ಲಿ ಪುಸ್ತಕ ಕಳೆದುಹೋದರೆ ಎಂಬುದು ಅವರ ಭಯ. ಅದಕ್ಕೆ ಅಪ್ಪ, ಅವರನ್ನು ಪಕ್ಕದ ಮನೆಗೆ ಬಿಟ್ಟುಬರಲು ಹೋದಾಗ, ಪ್ರತಿ ಪುಟವನ್ನೂ ಕ್ಯಾಮೆರಾದಲ್ಲಿ ಹಿಡಿದಿಟ್ಟುಕೊಂಡು ಆಮೇಲೆ ಕಳಿಸೋಣ ಎಂದನಂತೆ; ನನಗೂ ಅಮ್ಮನಿಗೂ ಅದು ಆಗ ಗೊತ್ತಿರಲಿಲ್ಲ. ಅಜ್ಜ ಗುರುವಾರ ಪುಸ್ತಕವನ್ನು ಬಟ್ಟೆಯಲ್ಲಿ ಸುತ್ತಿ ನಮ್ಮ ಮನೆಯಲ್ಲಿ ಕೊಟ್ಟರು. ಶುಕ್ರವಾರ ನನಗೆ ಶಾಲೆ ಇರಲಿಲ್ಲ. ಮಧ್ಯಾಹ್ನ ಒಂದು ಗಂಟೆಗೆ ಅಪ್ಪ ಫ್ಯಾಕ್ಟರಿಯಿಂದ ಫೋನ್ ಮಾಡಿದ.

“ಪುಟ್ಟಿ, ನಾನು ಇವತ್ತು ಬರೋದು ಲೇಟಾಗತ್ತೆ. ಅಜ್ಜನ ಪುಸ್ತಕದ ಫೋಟೊ ಎಲ್ಲಾ ನೀನೇ ತೆಗೆದಿಟ್ಟುಬಿಡು.”

“ಆಲ್ ಆಫ್ ದೆಮ್?”

“ಎಲ್ಲಾನೂ. ಒಂದೂ ಬಿಡ್ಬೇಡ.”

ನಮ್ಮ ಮನೆಯಲ್ಲಿ ಕ್ಯಾಮೆರಾ ಇರುತ್ತಿದ್ದದ್ದು ಅಮ್ಮನ ಕೈಯಲ್ಲಿ. ಧಾರವಾಡಕ್ಕೆ ಕಳಿಸಲು ನನ್ನ ಹೊಸ ಬಟ್ಟೆ, ಹಬ್ಬದ ಅಡುಗೆ, ಹಿಮ, ಎಲ್ಲವನ್ನೂ ಅವಳು ಹಿಡಿಯುತ್ತಿದ್ದಳು, ಮತ್ತು ಅದಕ್ಕೆ ಅವಳ ಮಾತು ‘ಫೋಟೊ ಹೊಡಿ’. ನನ್ನ ಕಿವಿಗೆ ಕ್ಯಾಮೆರಾ ಎಂದರೆ ಹೊಡೆಯುವುದು. ತೆಗೆಯುವುದು ಎಂದರೆ ಸಿಪ್ಪೆ ತೆಗೆಯುವುದು, ಬೂಟು ತೆಗೆಯುವುದು, ಮೇಜಿನ ಮೇಲಿನ ಸಾಮಾನು ತೆಗೆಯುವುದು. ಅಪ್ಪನ ಬಾಯಲ್ಲಿ ಫೋಟೊ ಹಿಡಿಯುವ ಮಾತು ನಾನು ಕೇಳಿಯೇ ಇರಲಿಲ್ಲ; ಅಂಚೆಯಲ್ಲಿ ಕಳೆಯದಂತೆ ತುಂಡುಗಳನ್ನು ಬೇರೆಯಾಗಿ ಕಳಿಸುತ್ತಾರೆ ಎಂದುಕೊಂಡೆ. ನಾನು ಪುಸ್ತಕ ಬಿಚ್ಚಿ ಮೊದಲ ಪುಟದ ಮೊದಲ ತುಂಡಿನ ಅಂಚಿಗೆ ಉಗುರು ಹಾಕಿದೆ. ಹಳೆಯ ಅಂಟು, ಸುಲಭವಾಗಿ ಬಂತು. ಅಮ್ಮ ಹೋಳಿಗೆಯ ಬೇಳೆ ಬೇಯಲು ಇಟ್ಟು ಒಮ್ಮೆ ಬಂದು ನೋಡಿದಳು. ಅಪ್ಪ ಹೇಳಿದ್ದು ಎಂದೆ. ಅವಳು ಒಳಗೆ ಹೋಗಿ ಬೆಣ್ಣೆ ಹಚ್ಚುವ ಮೊಂಡು ಚಾಕು ತಂದು ಕೊಟ್ಟಳು.

“ಸಾವಕಾಶ ತಗೀ ಮತ್ತ. ಹರದೀ ಅಂದ್ರ ಅಜ್ಜಾರು ನೊಂದ್ಕೋತಾರ.”

ಒಂದೂ ಹರಿಯಲಿಲ್ಲ. ಎಣಿಸಿ ದಿನಚರಿಯಲ್ಲಿ ಬರೆದೆ: ಇನ್ನೂರ ಹನ್ನೆರಡು. ತೆಗೆದ ಕ್ರಮದಲ್ಲೇ ಒಂದರ ಮೇಲೊಂದು ಬಿಟ್ಟಿದ್ದರೆ ಅವತ್ತು ಸಂಜೆಯೇ ಎಲ್ಲ ಮೊದಲಿನ ಜಾಗಕ್ಕೆ ಹೋಗುತ್ತಿದ್ದವು. ನಾನು ಹಾಗೆ ಬಿಡಲಿಲ್ಲ. ಎಣಿಸಿ ಮುಗಿದ ಮೇಲೂ ಸಮಯವಿತ್ತು. ಅವನ್ನು ಬಣ್ಣದ ಪ್ರಕಾರ ವಿಂಗಡಿಸಿದೆ. ನೀಲಿಯ ಜೊತೆ ನೀಲಿ, ಕೆಂಪಿನ ಜೊತೆ ಕೆಂಪು, ಕತ್ತಲೆಯವು ಬೇರೆ. ಏಳು ಗುಡ್ಡೆ, ಏಳು ಲಕೋಟೆ, ಪ್ರತಿ ಲಕೋಟೆಯ ಮೇಲೆ ಸಂಖ್ಯೆ. ಅಷ್ಟು ಅಚ್ಚುಕಟ್ಟಾದ ಕೆಲಸ ನಾನು ಅದುವರೆಗೆ ಮಾಡಿರಲಿಲ್ಲ.

ಅಪ್ಪ ಐದೂವರೆಗೆ ಬಂದ. ಅಜ್ಜನೂ ಮಿಚಿಯೊ ಆಂಟಿಯೂ ಜೊತೆಯಲ್ಲೇ ಒಳಗೆ ಬಂದರು. ಪುಸ್ತಕವನ್ನು ಕಟ್ಟಿ ವಿಳಾಸ ಬರೆಯುವುದಿತ್ತು. ಅಪ್ಪ ಮೊದಲ ಪುಟ ತಿರುಗಿಸಿದ, ಎರಡನೆಯದು ತಿರುಗಿಸಿದ, ಆಮೇಲೆ ಲಕೋಟೆಗಳನ್ನು ನೋಡಿದ. ಯಾರೂ ಕೂಗಲಿಲ್ಲ. ನನಗೆ ತಪ್ಪು ತಿಳಿದದ್ದು ಮೂವರ ಮುಖಗಳು ಒಂದೇ ರೀತಿ ಆದದ್ದರಿಂದ. ನಂತರ ಅಪ್ಪ ಅಮ್ಮನ ಕಡೆ ತಿರುಗಿದ, ಮತ್ತು ಅವರಿಬ್ಬರೂ ತಮಗೆ ಗೊತ್ತಿದ್ದ ಜಗಳವನ್ನೇ ಆಡಿದರು.

“ಫೋಟೊ ತೆಗಿ ಅಂದ್ರೆ ಏನು ಅಂತ ನಿಂಗೂ ಗೊತ್ತಾಗ್ಲಿಲ್ವೇನೆ?”

“ನಮ್ಮ ಕಡೆ ಫೋಟೊ ಹೊಡೀತಾರ್ರೀ. ತಗೀ ಅಂದ್ರ ತಗೀತದ ಕೂಸು.”

“ಹೊಡೆಯೋಕೆ ಅದೇನು ಸೊಳ್ಳೆನಾ?”

“ನಿಮಗ ತಪ್ಪು ತಗಿಯೋದೊಂದು ಬಿಟ್ರ ಬ್ಯಾರೆ ಏನೂ ತಗೀಲಿಕ್ಕೆ ಬರೂದಿಲ್ಲ.”

ಅಜ್ಜ ಲಕೋಟೆಗಳನ್ನು ಒಂದೊಂದಾಗಿ ಬಿಚ್ಚಿ ನೋಡುತ್ತಿದ್ದರು. ಎಷ್ಟು ಇವೆ ಎಂದು ನನ್ನನ್ನು ಇಂಗ್ಲಿಷಿನಲ್ಲಿ ಕೇಳಿದರು. ಹೇಳಿದೆ. ಅವರು ಪುಸ್ತಕದ ಕೊನೆಯ ಪುಟ ತಿರುಗಿಸಿ ತಮ್ಮದೇ ಲೆಕ್ಕ ನೋಡಿ ತಲೆಯಾಡಿಸಿದರು, ಸಂಖ್ಯೆ ಸರಿಯಾಗಿತ್ತು. ಅಪ್ಪ ಅಮ್ಮ ಯಾವುದಕ್ಕೆ ಜಗಳವಾಡುತ್ತಿದ್ದಾರೆ ಎಂದು ಆಮೇಲೆ ಕೇಳಿದರು. ಅಪ್ಪ ನಾಚಿಕೆಯಿಂದಲೇ ಮಿಚಿಯೊ ಆಂಟಿಗೆ ವಿವರಿಸಿದ: ಒಂದೇ ಪದ, ಕ್ಯಾಮೆರಾದಲ್ಲಿ ಹಿಡಿ ಎಂದೂ ಆಗುತ್ತದೆ, ಕಿತ್ತು ಬೇರೆ ಮಾಡು ಎಂದೂ ಆಗುತ್ತದೆ. ಆಂಟಿ ಅದನ್ನು ಜಪಾನಿಯಲ್ಲಿ ಹೇಳತೊಡಗಿ ನಡುವೆಯೇ ನಿಂತರು. ಅವರ ಭಾಷೆಯಲ್ಲಿ ಅದಕ್ಕೂ ಇದಕ್ಕೂ ‘ತೊರು’ ಎಂದೇ ಅನ್ನುವುದಂತೆ. ಹೇಳಲು ಬೇರೆ ಪದವೇ ಬೇಕಾಗಿರಲಿಲ್ಲ. ಅಜ್ಜ ನನ್ನ ಪೆನ್ಸಿಲ್ ತೆಗೆದುಕೊಂಡು ಲಕೋಟೆಯ ಹಿಂಬದಿಯಲ್ಲಿ ಎರಡು ಅಕ್ಷರ ಬರೆದರು. ಕ್ಯಾಮೆರಾದ ತೊರುಗೆ ಒಂದು, ಕೀಳುವ ತೊರುಗೆ ಒಂದು. ಬರೆದರೆ ಬೇರೆ, ಬಾಯಲ್ಲಿ ಒಂದೇ.

“ಸೇಮ್,” ಎಂದರು. “ಟೆಲಿಫೋನ್, ನೋ ಗುಡ್.”

ಆಮೇಲೆ ಹೊರಡಲು ಬಾಗಿಲ ಬಳಿಯ ಮೆಟ್ಟಿಲ ಮೇಲೆ ಕೂತು ಬೂಟು ಹಾಕಿಕೊಂಡರು. ಎರಡೂ ಬೂಟು ಹಾಕಿ, ಲೇಸು ಕಟ್ಟಿದ ಮೇಲೂ ಏಳಲಿಲ್ಲ. ಅಮ್ಮ ಹೋಳಿಗೆ ತಂದು ಹಿಂದೆ ನಿಂತಿದ್ದಳು, ಕೊಡಲು ಧೈರ್ಯವಾಗಲಿಲ್ಲ. ಆಂಟಿ ಭುಜ ಮುಟ್ಟಿದ ಮೇಲೆ ಎದ್ದರು. ಆ ದಿನದ ದಿನಚರಿಯಲ್ಲಿ ಜಗಳದ ಕಾಲಂನಲ್ಲಿ ಒಂದು ಎಂದು ಬರೆದಿದ್ದೇನೆ. ಬೇರೆ ಏನೂ ಬರೆದಿಲ್ಲ.

ಸಂಗ್ರಹಾಲಯದವರಿಗೆ ಆಂಟಿ ನಡೆದದ್ದನ್ನು ತಿಳಿಸಿದರು. ಉತ್ತರ ಸೌಜನ್ಯದ್ದೇ. ಸಾಲು ಮತ್ತು ತುಂಡು ಖಚಿತವಾಗಿ ಹೊಂದಿಕೆಯಾಗುವ ಚಿತ್ರಗಳಿಗೆ ಮಾತ್ರ ಹೆಸರು ಸೇರಿಸಬಹುದು, ಪ್ರತಿ ಚಿತ್ರಕ್ಕೂ ಒಂದಾದರೂ ಬೇಕು, ಪಟ್ಟಿಯನ್ನು ಮುಚ್ಚುವುದಿಲ್ಲ, ಸಿಕ್ಕಂತೆ ಕಳಿಸಿ ಎಂದಿದ್ದರು. ಹಾಗಾಗಿ ಶನಿವಾರದ ಊಟವಾದ ಮೇಲೆ ನಾನೂ ಅಜ್ಜನೂ ಮೇಜಿನ ಮುಂದೆ ಕೂರುವುದು ಶುರುವಾಯಿತು. ಒಟ್ಟು ಐವತ್ತಮೂರು ಶನಿವಾರ. ಪುಟದ ಮೇಲಿನ ಅಂಟಿನ ಕಲೆಯ ಆಕಾರ, ತುಂಡಿನ ಹಿಂದಿನ ಅಂಟಿನ ಆಕಾರ, ಎರಡನ್ನೂ ಭೂತಗನ್ನಡಿಯಲ್ಲಿ ನೋಡಿ ಕೂಡಿಸುತ್ತಿದ್ದೆವು. ಕತ್ತರಿ ಓರೆಯಾಗಿ ಹೋದದ್ದು, ಪುಟಕ್ಕೆ ಅಂಟಿಕೊಂಡು ಉಳಿದ ಒಂದು ಚೂರು, ಇಂಥವು ಸಹಾಯಕ್ಕೆ ಬಂದವು. ಬೆಳಕಿನ ಲೆಕ್ಕವೂ ಕೆಲವೊಮ್ಮೆ ಬಂತು. ಸಾಲಿನಲ್ಲಿ ಎರಡು ಸಲ ಹಿಡಿದದ್ದು ಎಂದಿದ್ದರೆ ತುಂಡಿನಲ್ಲಿ ಎಲ್ಲೋ ಹೊಳೆಯುವ ನೀರೋ ಕಿಟಕಿಯೋ ಇರಬೇಕು. ಅಜ್ಜನ ನೆನಪು ನಾನಂದುಕೊಂಡಷ್ಟು ಕೆಲಸಕ್ಕೆ ಬರಲಿಲ್ಲ. ಕಂಬದ ಕ್ಯಾಮೆರಾದ ಕೆಳಗೆ ಕೂತವರಿಗೆ ಕಥೆ ಕಾಣುವುದಿಲ್ಲ, ಒಂದು ಹಾಳೆ ಕಾಣುತ್ತದೆ, ಆಮೇಲೆ ಇನ್ನೊಂದು ಎಂದು ಅವರು ಒಮ್ಮೆ ಹೇಳಿದರು. ಅವರು ನನ್ನನ್ನು ಕ್ಷಮಿಸಿದರೋ ಇಲ್ಲವೋ ನನಗೆ ಗೊತ್ತಿಲ್ಲ. ಕೇಳುವಷ್ಟು ಜಪಾನಿ ನನಗೆ ಬರುತ್ತಿರಲಿಲ್ಲ, ಆಂಟಿಯ ಮೂಲಕ ಕೇಳುವ ಪ್ರಶ್ನೆ ಅದಾಗಿರಲಿಲ್ಲ. ಒಂದು ತುಂಡು ಕೂಡಿದಾಗ ಅವರು ಬಿಳಿ ಹತ್ತಿಯ ಕೈಗವಸಿನ ಬೆರಳಿನಿಂದ ಒತ್ತಿ, ಹತ್ತರವರೆಗೆ ಎಣಿಸಿ, ಬಿಡುತ್ತಿದ್ದರು. ಎಣಿಸುವುದು ನನ್ನ ಕೆಲಸ.

ಅಜ್ಜನ ಅಳಿಯನನ್ನು ಕಂಪನಿ ಜಪಾನಿಗೆ ವಾಪಸು ಕರೆಸಿಕೊಂಡಾಗ ಎಂಬತ್ತೇಳು ತುಂಡು ಕೂಡಿದ್ದವು. ಅವು ಆರು ಚಿತ್ರಗಳಿಗೆ ಸೇರಿದ್ದವು. ಆ ಆರು ಚಿತ್ರಗಳ ಮುಂದೆ ಈಗ ಅವರ ಹೆಸರಿದೆ. ಆಂಟಿ ಆ ಪುಟ ಕಳಿಸಿದ್ದರು, ನಮ್ಮ ಅಡುಗೆಮನೆಯಲ್ಲಿ ಫ್ರಿಜ್ ಬಾಗಿಲಿಗೆ ವರ್ಷಗಟ್ಟಲೆ ಇತ್ತು. ಅಪ್ಪನಿಗೆ ಇಲಿನಾಯ್‌ನಲ್ಲಿ ಕೆಲಸ ಸಿಕ್ಕಿ ನಾವು ಲಿಸ್ಲ್‌ಗೆ ಬಂದೆವು. ಅಜ್ಜ ತೀರಿಕೊಂಡದ್ದು ನಾನು ಕಾಲೇಜಿನ ಎರಡನೆಯ ವರ್ಷದಲ್ಲಿದ್ದಾಗ. ಮುಂದಿನ ವಸಂತದಲ್ಲಿ ಮಿಚಿಯೊ ಆಂಟಿಯಿಂದ ಒಂದು ಪಾರ್ಸೆಲ್ ಬಂತು: ಪುಸ್ತಕ, ಮತ್ತು ಜಾಗ ಸಿಗದ ನೂರ ಇಪ್ಪತ್ತೈದು ತುಂಡು. ಮನೆಯಲ್ಲಿ ಇವನ್ನು ಎಣಿಸುವವರು ಯಾರೂ ಇಲ್ಲ ಎಂದು ಬರೆದಿದ್ದರು. ಅಮ್ಮ ಆ ದಿನ ಪಾರ್ಸೆಲ್ಲನ್ನು ಅಪ್ಪನ ಮುಂದೆ ಇಟ್ಟಳು. ಹೊಡಿ, ತೆಗಿ ಎಂಬ ಎರಡೂ ಮಾತು ಆಗಲೇ ಮನೆಯಲ್ಲಿ ನಿಂತುಹೋಗಿದ್ದವು. ಈಗ ಮೂವರೂ ಕ್ಲಿಕ್ ಮಾಡು ಅನ್ನುತ್ತೇವೆ.

ನಾನು ಕೆಲಸಕ್ಕೆ ಹೋಗುವುದು ಎಲ್ಕ್ ಗ್ರೋವ್ ವಿಲೇಜ್‌ನ ಒಂದು ಡೇಟಾ ಸೆಂಟರಿಗೆ, ಯಂತ್ರಗಳು ಬರೆದಿಟ್ಟ ದಾಖಲೆಗಳಲ್ಲಿ ಯಾವುದರ ನಂತರ ಯಾವುದು ಎಂದು ನೋಡುವ ಕೆಲಸ. ಭಾನುವಾರಗಳಂದು ಈ ತುಂಡುಗಳನ್ನು ನೋಡುತ್ತೇನೆ. ಎರಡು ವರ್ಷದಲ್ಲಿ ಒಂಬತ್ತು ಕೂಡಿವೆ, ಒಂಬತ್ತೂ ಈಗಾಗಲೇ ಸಿಕ್ಕ ಆರು ಚಿತ್ರಗಳವೇ. ಉಳಿದಿರುವುದು ನೂರ ಹದಿನಾರು, ಬಾಕಿ ಚಿತ್ರಗಳು ಐದು. ಅಂಟಿನ ಕಲೆಯಿಂದ ಇನ್ನು ಏನೂ ಸಿಗುವುದಿಲ್ಲ. ಆ ಚಿತ್ರಗಳನ್ನು ನೋಡಿದವರು ಯಾವುದರ ನಂತರ ಯಾವುದು ಎಂದು ಹೇಳಿದರೆ ತುಂಡನ್ನು ಸಾಲಿನ ಶಾಟ್ ಸಂಖ್ಯೆಗೆ ಕೂಡಿಸಬಹುದು. ಕೆಲವು ಹೊರದೇಶಗಳಿಗೂ ಹೋಗಿದ್ದವೆಂದು ಆಂಟಿಗೆ ಕೇಳಿದ ನೆನಪು. ಹಾಗಾದರೆ ಭಾರತದ ಟೀವಿಯಲ್ಲಿ ಬೇರೆ ಭಾಷೆಯ ಮಾತು ಕೂಡಿಸಿಕೊಂಡು ಬಂದಿರಬಹುದು, ಇದನ್ನು ಓದುವ ಯಾರಾದರೂ ಚಿಕ್ಕವರಿದ್ದಾಗ ನೋಡಿರಬಹುದು. ನನ್ನ ಬಳಿ ಇರುವುದರಲ್ಲಿ ನಾಲ್ಕನ್ನು ಹೇಳುತ್ತೇನೆ. ಟ್ರಾಮಿನ ಕಿಟಕಿಯಿಂದ ಹೊರಗೆ ಚಾಚಿದ ಒಂದು ಕೈ, ಮಣಿಕಟ್ಟಿಗೆ ಹಸಿರು ದಾರ. ಜಗಲಿಯ ಮೇಲೆ ಬಿಚ್ಚಿಟ್ಟ ಛತ್ರಿ, ಅದರ ಕೆಳಗೆ ಕೂತ ಬೂದು ಬೆಕ್ಕು. ಕುದುರೆಯ ಬೆನ್ನ ಮೇಲೆ ಹಿಂದುಮುಂದಾಗಿ ಕೂತ ಹುಡುಗಿ, ಹಿನ್ನೆಲೆಯಲ್ಲಿ ಎರಡು ಸಲ ಹಿಡಿದ ಸಮುದ್ರ. ಒಂದು ಬಾಗಿಲು, ಅರ್ಧ ತೆರೆದದ್ದು, ಒಳಗಿನಿಂದ ಹಳದಿ ಬೆಳಕು.

ಇವುಗಳಲ್ಲಿ ಯಾವುದಾದರೂ ನಿಮ್ಮ ಕಣ್ಣಿಗೆ ಬಿದ್ದಿದ್ದರೆ ಇದು ಅಚ್ಚಾದ ಪುಸ್ತಕದ ಪ್ರಕಾಶಕರ ವಿಳಾಸಕ್ಕೆ ಒಂದು ಸಾಲು ಬರೆಯಿರಿ. ಯಾವ ಭಾಷೆಯಾದರೂ, ಯಾವ ಊರಿನ ಕನ್ನಡವಾದರೂ ಆದೀತು. ಶೀರ್ಷಿಕೆ ನೆನಪಿಲ್ಲದಿದ್ದರೂ ಪರವಾಗಿಲ್ಲ. ಬಣ್ಣ ಹೇಳಬೇಕಾಗಿಲ್ಲ, ಬಣ್ಣಗಳು ನನ್ನ ಬಳಿ ಇವೆ. ಅದಕ್ಕೆ ಮುಂಚೆ ಏನಾಯಿತು, ಆಮೇಲೆ ಏನಾಯಿತು, ಅಷ್ಟು ಬರೆಯಿರಿ.